ಈಶಾನ್ಯ ಮೂಲೆಯ ವಿಕ್ಟೋರಿಯಾ ರಾಣಿ

ಹತ್ತೊಂಬತ್ತನೇ ಶತಮಾನದ ಕೊನೆಯಲ್ಲಿ ಹಳೆಯ ಊರು ಹುಡುಕಿ ಯಾರು ಯಾವ ದಿಬ್ಬ ಅಗೆದರು ಎಂಬುದೆಲ್ಲ ನನ್ನ ಗಂಡ ಹರಿಗೆ ಬಾಯಿಪಾಠ. ಸ್ವಂತ ಮನೆಯಲ್ಲಿ ಯಾರು ಯಾರ ಜೊತೆ ಮಾತು ಬಿಟ್ಟಿದ್ದಾರೆ ಎಂದು ಕೇಳಿ, ಕಣ್ಣು ಕಣ್ಣು ಬಿಡುತ್ತಾರೆ.

ಮಾತು ಬಿಟ್ಟಿರುವುದು ನಮ್ಮಕ್ಕ ಶೈಲಮ್ಮ, ನನ್ನ ಜೊತೆ. ಅವಳೂ ಪಂಚಾಕ್ಷರಯ್ಯ ಭಾವನೂ ಮಾರಿಸ್‌ಟೌನಿನ ಹಳೆಯ ಮನೆಯನ್ನು ನಮಗೆ ಮಾರಿ ಕಾಂಡೋ ಫ್ಲಾಟಿಗೆ ಹೋಗುವಾಗ, ದೀಪಾವಳಿಯ ಲಕ್ಷ್ಮೀಪೂಜೆಗೆ ಇಡುತ್ತಿದ್ದ ಅಮ್ಮನ ಬೆಳ್ಳಿ ರೂಪಾಯಿ ಕಾಣೆಯಾಯಿತು. ವಿಕ್ಟೋರಿಯಾ ರಾಣಿಯ ಕಿವಿಯ ಪಕ್ಕ ತೂತಿದ್ದ ನಾಣ್ಯ. ಅಮ್ಮ ಅದನ್ನು ಸರಕ್ಕೆ ಪೋಣಿಸಿಕೊಂಡಿದ್ದಳು. ಪ್ಯಾಕಿಂಗಿಗೆ ಹೋಗಿದ್ದವಳು ನಾನೊಬ್ಬಳೇ. ಇನ್ನೇನು, ಕಳ್ಳಿ ನಾನೇ! ಅಕ್ಕ ಬಾಯಿಬಿಟ್ಟು ಹೇಳಲಿಲ್ಲ, ಮನೆಗೆ ಬರುವುದನ್ನು ನಿಲ್ಲಿಸಿದಳು. ಈ ಪರದೇಶದಲ್ಲಿ ತವರು ಅಂತ ನನಗಿರುವುದು ಅವಳೊಬ್ಬಳೇ.

ಹೋದ ತಿಂಗಳು ಹರಿ ಟೊಮೆಟೊ ಹಾಕಲು ಹಿತ್ತಲು ಅಗೆದರು. ಏನೋ ಸಿಕ್ಕಿತಂತೆ.

"ಸರ್‌ಪ್ರೈಸ್ ಕಣೇ, ಕನ್ನಡ ಕೂಟದಲ್ಲೇ ನೋಡು," ಎಂದು ಮೀಸೆ ಮರೆಯಲ್ಲಿ ನಕ್ಕರು.

ಭಾನುವಾರ ಹೋಬೋಕನ್‌ನಲ್ಲಿ ಕನ್ನಡ ಕೂಟದ ಸಭೆಯಲ್ಲಿ ಅವರ ಪುರಾತತ್ವದ ಉಪನ್ಯಾಸ. ಬಿಸಿಬೇಳೆಬಾತಿನ ಘಮ ಬರುತ್ತಿದ್ದರೂ ಜನ ಕೂತಿದ್ದರು, ಪುಣ್ಯ. ಅಕ್ಕ, ಭಾವ ಮುಂದಿನ ಸಾಲಿನ ಆ ತುದಿ. ನಾನು ಈ ತುದಿ.

"ಟ್ರಾಯ್‌ನಲ್ಲಿ ಅಗೆಯೋಕೆ ಹೋದವರು ಅವಸರಕ್ಕೆ ಬಿದ್ದು, ಹುಡುಕ್ತಿದ್ದ ಆ ಪುರಾತನ ಊರನ್ನೇ ಅಗೆದು ಬಿಸಾಕಿಬಿಟ್ರು," ಎಂದರು ಹರಿ. "ಏನು ಸಿಕ್ತು ಅನ್ನೋದಕ್ಕಿಂತ ಎಲ್ಲಿ, ಯಾವುದರ ಜೊತೆ ಸಿಕ್ತು ಅನ್ನೋದು ಇಂಪಾರ್ಟೆಂಟ್. ನಾನು ಕೈ ಹಾಕೋ ಮುಂಚೇನೇ ಫೋಟೋ ತೆಗೆದೆ. ಹತ್ತೊಂಬತ್ತನೇ ಶತಮಾನದಲ್ಲೇ ಒಬ್ಬ ಇಂಡಿಯನ್ ನಮ್ಮನೇಲಿ ಇದ್ದ, ಫ್ರೆಂಡ್ಸ್! ಇಲ್ಲಿದೆ ಪ್ರೂಫ್!"

ಪರದೆಯ ಮೇಲೆ ವಿಕ್ಟೋರಿಯಾ ರಾಣಿ. ಕಿವಿಯ ಪಕ್ಕ ತೂತು.

ಅಯ್ಯೋ ದೇವರೇ, ನನ್ನ ಹಿತ್ತಲಲ್ಲೇ! ಕದ್ದು ಹೂತಿಟ್ಟಿದ್ದಳು ಎನ್ನದೆ ಅಕ್ಕ ಬಿಡುತ್ತಾಳೆಯೇ? ಈ ಮಹಾನುಭಾವರು ನನ್ನ ಮಾನವನ್ನು ಪ್ರೊಜೆಕ್ಟರಿಗೆ ಹಾಕಿ ತೋರಿಸುತ್ತಿದ್ದರು. ಅಕ್ಕ ಆಗಲೇ ಎದ್ದು ನಿಂತಿದ್ದಳು.

ಹರಿ ಮುಂದಿನ ಚಿತ್ರ ಹಾಕಿದರು. "ಈಶಾನ್ಯ ಮೂಲೆ, ಒಂದು ಮೊಳ ಆಳ. ತಾಮ್ರದ ಚೆಂಬಿನೊಳಗೆ, ಅರಿಶಿನದ ಬಟ್ಟೆ ಸುತ್ತಿ..."

ಯಾರೋ ಕಿಸಕ್ಕೆಂದರು. ಇದು ವಾಸ್ತುವಿನ ಕೆಲಸ ಎಂದು ಸಭೆಯಲ್ಲಿದ್ದ ಎಲ್ಲರಿಗೂ ಹೊಳೆಯಿತು, ಸಂಶೋಧಕರೊಬ್ಬರನ್ನು ಬಿಟ್ಟು.

ಅಕ್ಕ ನನ್ನತ್ತ ನೋಡಲಿಲ್ಲ. ಗಂಡನ ಕಡೆ ತಿರುಗಿದಳು. "ರೀ, ಆ ಚೆಂಬು ನಿಮ್ಮದಲ್ವಾ?"

ಭಾವ ಕನ್ನಡಕ ತೆಗೆದು ಒರೆಸತೊಡಗಿದರು. "ಮನೆ ಸೇಲ್ ಆಗ್ತಿರಲಿಲ್ಲ ಶೈಲಾ. ವಾಸ್ತುದವರು ಫೋನಲ್ಲಿ, ಹಳೇ ಬೆಳ್ಳಿ ಹೂಳಿ ಅಂದ್ರು. ಹೂತ ವಾರಾನೇ ರಾಜಿ, ಹರಿ ತಗೋತೀವಿ ಅಂದ್ರು. ಆಮೇಲೆ ನೀನು ಬೈತೀಯ ಅಂತ..."

"ನನ್ನ ತಂಗೀನ ಕಳ್ಳಿ ಅಂದ್ಕೊಂಡು ಕೂತಿದ್ನಲ್ರೀ!" ಎಂದಳು ಅಕ್ಕ.

ಸಾಲಿನುದ್ದಕ್ಕೂ ಜನರ ಕಾಲು ತುಳಿಯುತ್ತಾ ಅವಳು ನನ್ನ ಬಳಿ ಬಂದಳು. ಸ್ವಲ್ಪ ಹೊತ್ತಾದರೂ ಮುಖ ತಿರುಗಿಸಿಕೊಂಡು ಬಿಗುಮಾನ ತೋರಿಸಬೇಕು ಎಂದುಕೊಂಡಿದ್ದೆ. ಎಲ್ಲಿ! ಅಳು ಬಂದೇಬಿಟ್ಟಿತು.

ಅಕ್ಕ ತನ್ನ ಸೆರಗಿನಲ್ಲೇ ನನ್ನ ಮೂಗು ಒರೆಸಿದಳು. "ಮನೆಗೆ ಕರ್ಕೊಂಡ್ ಹೋಗೇ ರಾಜಿ," ಎಂದಳು. "ಈ ಗಂಡಸರಿಬ್ಬರೂ ಬೇಕಾದ್ರೆ ಟ್ರೇನ್ ಹಿಡ್ಕೊಂಡು ಬರ್ಲಿ."