ಮಿಕೆಲ್‌ನ ಕಡೆಯ ಟ್ಯಾಕಲ್

“ಅಬ್ಬಾ, ಈ ಮುದಿ ಎತ್ತನ್ನ ಯಾವ ಸಂತೆಯಿಂದ ಹೊಡ್ಕೊಂಡ್ ಬಂದ್ರಿ? ಗೋಲ್ ಮುಂದೆ ಒಂದು ಗೂಟ ಹೊಡೆದಿದ್ರೂ ಸಾಕಿತ್ತು.”

ಹ್ಯಾಮಿಲ್ಟನ್ನಿನ ಫುಟ್‌ಬಾಲ್ ಮೈದಾನದಲ್ಲಿ ಆತಿಫ್ ಮಿಕೆಲ್‌ನತ್ತ ಕೈ ತೋರಿಸಿ ತನ್ನ ಅಪ್ಪ, ಕ್ಲಬ್ಬಿನ ಮ್ಯಾನೇಜರ್ ಮುಖ್ತಾರನಿಗೆ ಮನೆಮಾತಿನಲ್ಲಿ ಕೂಗಿ ಹೇಳಿದ. ಮಿಕ್ಕವರಿಗಾಗಿ ಅದನ್ನೇ ಇಂಗ್ಲಿಷಿನಲ್ಲೂ ಹೇಳಿದ. ಇಡೀ ತಂಡ ಬಿದ್ದು ಬಿದ್ದು ನಕ್ಕಿತು.

ಮಿಕೆಲ್‌ನ ಕಿವಿ ಕಾದ ಹೆಂಚಾಯಿತು. ಡೆನ್ಮಾರ್ಕಿನಲ್ಲಿ ಹದಿನಾಲ್ಕು ವರ್ಷ ಡಿಫೆಂಡರ್ ಆಗಿ ಮೂಗು ಮುರಿಸಿಕೊಂಡು, ಹಲ್ಲು ಉದುರಿಸಿಕೊಂಡು ಬಂದವನು ಅವನು. 2006ರ ಆ ಅಭ್ಯಾಸ ಪಂದ್ಯದಲ್ಲಿ ಆತಿಫನನ್ನು ತಡೆದರೆ ಈ ಕ್ಲಬ್ಬಿನಲ್ಲಿ ಇನ್ನೊಂದು ಸೀಸನ್ ಆಡುವ ಒಪ್ಪಂದಕ್ಕೆ ಸಹಿ. ಇಲ್ಲವಾದರೆ ಅವನ ಆಟ ಅಲ್ಲಿಗೇ ಮುಗಿಯಿತು.

ಆತಿಫ್ ಚೆಂಡಿನೊಂದಿಗೆ ಮತ್ತೆ ನುಗ್ಗಿದ. ಮಿಕೆಲ್ ಚೆಂಡನ್ನು ನೋಡಲೇ ಇಲ್ಲ. ಎರಡೂ ಬೂಟು ಚಾಚಿ ಅವನ ಕಣಕಾಲಿಗೆ ಅಪ್ಪಳಿಸಿದ. ಹಸಿ ಕಬ್ಬು ಮುರಿದಂತೆ ಸದ್ದಾಯಿತು. ಸಾಕ್ಸ್ ಹರಿದು ಎಲುಬು ಹೊರಬಂತು.

ಡಿಫೆಂಡರುಗಳಿಗೆ ಒಂದು ರೂಢಿಯಿದೆ: ಯಾರನ್ನು ಕೆಡವಿದರೂ ಮರುಕ್ಷಣವೇ ಎರಡೂ ಕೈ ಎತ್ತಿ, ಚೆಂಡಿಗೇ ಒದ್ದೆ ಅನ್ನಬೇಕು. ಮಿಕೆಲ್ ಸಾವಿರ ಸಲ ಹಾಗೆ ಸುಳ್ಳು ಹೇಳಿದ್ದ. ಇವತ್ತು ಕೈ ಮೇಲೇಳಲಿಲ್ಲ.

ಮುಖ್ತಾರ್ ಓಡಿ ಬಂದು ಮಗನ ತಲೆಯನ್ನು ತೊಡೆಯ ಮೇಲಿಟ್ಟುಕೊಂಡ. “ಚೆಂಡಿಗೆ ಒದ್ದೆ ಅಂತ ಹೇಳು,” ಎಂದು ಇಂಗ್ಲಿಷಿನಲ್ಲಿ ಅಂಗಲಾಚಿದ. “ಒಂದ್ಸಲ ಹೇಳು, ನಂಬ್ತೀನಿ.”

ಮಿಕೆಲ್ ಬೂಟಿನ ರಕ್ತವನ್ನು ಹುಲ್ಲಿಗೆ ಒರೆಸಿ, ಗೇಟಿನ ಕಡೆ ನಡೆದುಬಿಟ್ಟ.