ಬಿಟ್ಟಿ ಸಿಕ್ಕ ಗಂಟೆ

ನೊಣ, ಈ ವರ್ಷದ ಮೊದಲ ನೊಣ, ಗಾಜಿನ ಮೇಲೆ ಒಂಬತ್ತರ ಅಂಕಿಯಿಂದ ಹತ್ತರ ಅಂಕಿಗೆ ಆರಾಮಾಗಿ ನಡೆದುಹೋಗುತ್ತಿದೆ, ಅದಕ್ಕೇನು, ಅದನ್ನು ತಡೆದು ಕೇಳುವವರು ಯಾರು, ನಾನು ಮಾತ್ರ ಸ್ಟೂಲಿನ ಮೇಲೆ ನಿಂತೇ ಇದ್ದೇನೆ, ಗಾಜಿನ ಬಾಗಿಲು ತೆಗೆದು ದೊಡ್ಡ ಮುಳ್ಳನ್ನು ಒಂದು ಸುತ್ತು ಮುಂದಕ್ಕೆ ತಳ್ಳಬೇಕು, ಅಷ್ಟೇ ಕೆಲಸ, ಮಾರ್ಚ್ ತಿಂಗಳ ಕೊನೆಯ ಭಾನುವಾರ ಬೇಸಿಗೆಯ ಸಮಯಕ್ಕೆಂದು ಇಡೀ ದೇಶವೇ ಮಾಡುವ ಕೆಲಸ, ಇಪ್ಪತ್ತೇಳು ವರ್ಷ ಶಾಲೆಯ ಗಂಟೆ ಬಾರಿಸಿದ ಈ ತೆಕ್ಲಾಗೆ ಹೇಳಿಕೊಡಬೇಕೇ — ಕೈ ಏಳುತ್ತಿಲ್ಲ. ಒಳಕೋಣೆಯಲ್ಲಿ ನನ್ನ ತಂಗಿಯ ಮಗಳು ಸೋಲ್ಯಾ ಕಸೂತಿಯ ರವಿಕೆಗೆ ಇಸ್ತ್ರಿ ಹಾಕುತ್ತಿದ್ದಾಳೆ, ಬಿಸಿ ಬಟ್ಟೆಯ ವಾಸನೆ, ದೊಡ್ಡಮ್ಮಾ, ಮುಂದೆ ಹಾಕಿದ್ಯಾ, ಫೋನಲ್ಲಿ ಆಗ್ಲೇ ಹತ್ತಕ್ಕೆ ಕಾಲು ಗಂಟೆ ಇದೆ, ಜೋಯಾ ಮೇಡಂ ಬಂದ್ಬಿಡ್ತಾರೆ. ಬರುತ್ತಾರೆ, ಶಾಲೆಯ ಮಕ್ಕಳನ್ನೂ ಕರೆದುಕೊಂಡು ಬರುತ್ತಾರೆ, ಈ ಗಡಿಯಾರವನ್ನು ಬಿಳಿ ಬಟ್ಟೆಯಲ್ಲಿ ಸುತ್ತಿಕೊಂಡು ಹೋಗಿ ಶಾಲೆಯ ಗಾಜಿನ ಬೀರುವಿನಲ್ಲಿ ಇಡುತ್ತಾರಂತೆ, ಕೆಳಗೆ ಒಂದು ಚೀಟಿ, ತಲೆಬಾಗದ ಗಡಿಯಾರ ಎಂದು. ಮೇಡಂ ಮೊನ್ನೆ ಹೇಳಿದ್ದರು, ಆ ಮಾಸ್ಕೋದೋರು ಎಂಟು ತಿಂಗಳು ನಮ್ಮೂರನ್ನ ತುಳಿದ್ರು ತೆಕ್ಲಾ, ಇಡೀ ಊರಲ್ಲಿ ಅವ್ರ ಸಮಯಕ್ಕೆ ಬಗ್ಗದೇ ಇದ್ದಿದ್ದು ನಿಮ್ಮನೆ ಗಡಿಯಾರ ಒಂದೇ, ಮಕ್ಕಳ ಮುಂದೆ ನೀವು ಎರಡು ಮಾತಾಡ್ಲೇಬೇಕು, ಎಲ್ರೂ ಬರ್ತಾರೆ, ನಿಮ್ಮ ಪಕ್ಕದ್ಮನೆ ಮಹಾನುಭಾವ ಒಬ್ಬನ್ನ ಬಿಟ್ಟು. ಎರಡು ಮಾತಂತೆ. ನನಗಿರುವುದು ಒಂದೇ ಮಾತು, ಅದು ಐದು ತಿಂಗಳಿಂದ ಗಂಟಲಲ್ಲೇ ಕೂತಿದೆ.

ನದಿಯಾಚೆಯಿಂದ ಫಿರಂಗಿ ಧಡ್ ಎಂದಿತು, ದೂರ, ಇಲ್ಲಿಗಲ್ಲ, ಲೋಲಕ ಒಂದು ಚೂರು ನಡುಗಿ ಮತ್ತೆ ತನ್ನ ಪಾಡಿಗೆ ಆಡುತ್ತಿದೆ. ಅಪ್ಪನ ಗಡಿಯಾರ. ಮುಂದಕ್ಕಾದರೆ ತಳ್ಳಬಹುದು, ಹಿಂದಕ್ಕೆ ತಿರುಗಿಸಬಾರದು, ತಿರುಗಿಸಿದರೆ ಹೊಡೆಯುವ ಸುತ್ತಿಗೆ ಕೆಡುತ್ತದೆ, ಅದಕ್ಕೇ ಅಕ್ಟೋಬರ್‌ನ ಕೊನೆಯ ಭಾನುವಾರ ಊರೆಲ್ಲ ಗಡಿಯಾರವನ್ನು ಒಂದು ಗಂಟೆ ಹಿಂದೆ ಹಾಕುವಾಗ ಅಪ್ಪ ಲೋಲಕವನ್ನು ಬೆರಳಿನಿಂದ ಹಿಡಿದು ನಿಲ್ಲಿಸಿಬಿಡುತ್ತಿದ್ದ, ಒಂದು ಗಂಟೆ ನಿಂತಿರಲಿ ಬಿಡ್ರೇ, ಇದು ಬಿಟ್ಟಿ ಸಿಕ್ಕಿದ್ದು, ಈ ಹೊತ್ತಲ್ಲಿ ಯಾರೂ ಏನೂ ಕೆಲ್ಸ ಮಾಡ್ಕೂಡ್ದು. ಅಮ್ಮ ಒಲೆ ಬಿಟ್ಟು ಬಂದು ಕೂರುತ್ತಿದ್ದಳು, ಪೀಪಾಯಿಯಿಂದ ಉಪ್ಪಿನಲ್ಲಿ ಹಾಕಿಟ್ಟ ಕಲ್ಲಂಗಡಿ ತೆಗೆದು ಹೋಳು ಮಾಡಿ ತಟ್ಟೆಯಲ್ಲಿಡುತ್ತಿದ್ದಳು, ವೀತಾ ಆಗ ಎರಡು ವರ್ಷದ ಮಗು, ನನ್ನ ತೊಡೆಯ ಮೇಲೆ, ಉಪ್ಪುನೀರು ಅವಳ ಗಲ್ಲದಿಂದ ನನ್ನ ಲಂಗಕ್ಕೆ ಇಳಿಯುತ್ತಿತ್ತು. ನನಗಿಂತ ಹದಿನಾರು ವರ್ಷ ಚಿಕ್ಕವಳು, ಹೆಸರಿಗಷ್ಟೇ ತಂಗಿ, ನಾನೇ ಎತ್ತಿ ಆಡಿಸಿ ಬೆಳೆಸಿದ ಮಗು. ಮಾರ್ಚ್‌ನಲ್ಲಿ ಮುಳ್ಳು ಮುಂದೆ ತಳ್ಳುವಾಗ ಅಪ್ಪ ಮುಖ ಸಣ್ಣದು ಮಾಡುತ್ತಿದ್ದ, ನೋಡಿದ್ರಾ, ಕೊಟ್ಟಿದ್ದನ್ನ ವಾಪಸ್ ಇಸ್ಕೊಂಡ್ರು. ಅಪ್ಪ ಹೋದ, ಅಮ್ಮ ಹೋದಳು, ವೀತಾಳ ಮದುವೆಯಾಯಿತು, ಆದರೂ ಪ್ರತಿ ಅಕ್ಟೋಬರ್‌ನಲ್ಲಿ ಅವಳು ಬರುತ್ತಿದ್ದಳು, ಆ ಒಂದು ಗಂಟೆಗೆ. ಹೋದ ವರ್ಷವೂ ಬಂದಳು. ಬೇಕರಿಯ ಬಾಗಿಲಿಗೆ ಅವರ ನೋಟೀಸು ಅಂಟಿಸಿತ್ತು, ಇನ್ನು ಮುಂದೆ ಇಲ್ಲಿ ಮಾಸ್ಕೋದ ಸಮಯ, ಗಡಿಯಾರ ಯಾರೂ ಬದಲಾಯಿಸಕೂಡದು — ಬೇಸಿಗೆಯಲ್ಲಿ ಅವರದೂ ನಮ್ಮದೂ ಒಂದೇ ಸಮಯ, ಆ ಭಾನುವಾರದಿಂದ ಮಾತ್ರ ಅವರದು ಒಂದು ಗಂಟೆ ಮುಂದೆ. ನನಗೆ ಮೈಯೆಲ್ಲ ಉರಿಯಿತು. ರೊಟ್ಟಿ ನಿಮ್ಮ ಸರದಿಗೆ, ಫೋನು ನಿಮ್ಮ ಸಿಮ್ಮಿಗೆ, ಶಾಲೆಯ ಪುಸ್ತಕ ನಿಮ್ಮದು, ನಾನು ಬಾರಿಸುತ್ತಿದ್ದ ಗಂಟೆಗೆ ಬೇರೆ ಯಾರದೋ ಕೈ, ಈಗ ನಮ್ಮಪ್ಪನ ಗಡಿಯಾರವೂ ಬೇಕೇ ನಿಮಗೆ. ಪರದೆ ಎಳೆದೆ, ಲೋಲಕ ಹಿಡಿದು ನಿಲ್ಲಿಸಿದೆ. ಒಂದು ಗಂಟೆ ಕೂತೆವು, ನಾನು, ವೀತಾ, ಸೋಲ್ಯಾ, ಕಲ್ಲಂಗಡಿ ಆ ಸಲ ಹೆಚ್ಚು ಹುಳಿಯಾಗಿತ್ತು, ವೀತಾ ಮುಖ ಕಿವುಚಿ, ಅಕ್ಕಾ ಇದನ್ನ ಅವ್ರಿಗೆ ತಿನ್ಸು, ತಾವೇ ಓಡ್ತಾರೆ ಎಂದಳು, ಬಾಯಿಗೆ ಕೈ ಅಡ್ಡ ಕೊಟ್ಟುಕೊಂಡು ನಕ್ಕೆವು, ಬೀದಿಗೆ ಕೇಳಬಾರದಲ್ಲ. ಅಷ್ಟು ಸುಖವಾಗಿ ಆ ಎಂಟು ತಿಂಗಳಲ್ಲಿ ಒಮ್ಮೆಯೂ ಕೂತಿರಲಿಲ್ಲ.

ಹತ್ತಕ್ಕೆ ಹತ್ತೇ ನಿಮಿಷ ಇದೆ ದೊಡ್ಡಮ್ಮಾ. ಹೂಂ ಕಣೇ, ಕೇಳಿಸ್ತು. ನೊಣ ಹತ್ತರ ಮೇಲೆ ಕೂತು ಕೈ ಉಜ್ಜುತ್ತಿದೆ. ಎಂಟು, ಸೋಮವಾರ ಬೆಳಿಗ್ಗೆ ಎಂಟಕ್ಕೆ ಎಂದಿದ್ದ ಪಕ್ಕದ ಮನೆಯ ಪಿಲಿಪ್, ಆ ಭಾನುವಾರದ ಹಿಂದಿನ ಶನಿವಾರ ಬೇಲಿಯ ಹತ್ತಿರ ಎಲೆಕೋಸು ಕೊಯ್ಯುತ್ತ, ತಲೆ ಎತ್ತದೆ, ವೀತಾಗೆ ಹೇಳು, ಬೇಕರಿ ಹಿಂದೆ ನಿಂತಿರ್ಲಿ, ವ್ಯಾನಲ್ಲಿ ಕೋಸಿನ ಮೂಟೆಗಳ ಹಿಂದೆ ಒಬ್ರಿಗೆ ಜಾಗ ಮಾಡಿದೀನಿ, ನಮ್ಮತ್ತೆ ಊರಿಗೆ ಬಿಟ್ಬಿಡ್ತೀನಿ, ಆ ಬಯಲಲ್ಲಿ ನಾಯಿನೂ ಹುಡ್ಕಲ್ಲ. ವೀತಾಳ ಗಂಡ ನಮ್ಮ ಸೈನ್ಯದಲ್ಲಿದ್ದಾನೆ, ಅವರು ಎರಡು ಸಲ ಮನೆ ಜಾಲಾಡಿ ಹೋಗಿದ್ದರು, ಮಂಗಳವಾರ ಅವಳನ್ನೇ ಎತ್ತಿಕೊಂಡು ಹೋಗುವ ಪಟ್ಟಿಯಲ್ಲಿ ಹೆಸರಿದೆ ಎಂದು ಗೊತ್ತಾಗಿತ್ತು. ಸೋಲ್ಯಾ ನನ್ನ ಹತ್ತಿರ ಇರಲಿ, ಅವಳು ಹೋಗಲಿ, ಹಾಗೆ ಮಾತಾಗಿತ್ತು. ಪಿಲಿಪ್ ಇನ್ನೊಂದು ಮಾತೂ ಹೇಳಿದ್ದ, ತಡ ಮಾಡ್ಬೇಡಿ ಮತ್ತೆ, ಎಂಟೂವರೆಗೆ ಕಾಲುವೆ ಹತ್ರ ಕಾವಲು ಬದ್ಲಾಗುತ್ತೆ, ಈಗಿರೋ ಹುಡುಗ ಮೂಟೆ ಎತ್ತಿ ನೋಡಲ್ಲ, ಆಮೇಲೆ ಬರೋನು ಚುಚ್ಚಿ ಚುಚ್ಚಿ ನೋಡ್ತಾನೆ. ಕೇಳಿಸಿಕೊಂಡೆ, ಎಲ್ಲವನ್ನೂ ಕೇಳಿಸಿಕೊಂಡೆ, ತಲೆಯೊಳಗೆ ಹೋಗಲಿಲ್ಲ, ಅವರ ಕಾವಲು ಬದಲಾಗುವುದು ಅವರ ಗಡಿಯಾರಕ್ಕಲ್ಲದೆ ನಮ್ಮಪ್ಪನ ಗಡಿಯಾರಕ್ಕೇನು. ವೀತಾಗೆ ಹೊಳೆದಿತ್ತು. ಆ ಬಿಟ್ಟಿ ಗಂಟೆ ಮುಗಿದು ನಾನು ಲೋಲಕ ಬಿಟ್ಟ ಮೇಲೆ ಹೊಸಿಲಲ್ಲಿ ಬೂಟು ಹಾಕಿಕೊಳ್ಳುತ್ತ ಕೇಳಿದಳು, ಅಕ್ಕಾ, ಎಂಟು ಅಂದ್ರೆ ಯಾವ ಎಂಟು? ಅವರದೋ ನಮ್ಮದೋ ಎಂದು ಕೇಳುತ್ತಿದ್ದಳು, ಬೇಲಿಯಾಚೆ ಹೋಗಿ ಪಿಲಿಪ್‌ನನ್ನು ಒಂದು ಮಾತು ಕೇಳಿಕೊಂಡು ಬರಬಹುದಿತ್ತು, ಇಪ್ಪತ್ತು ಹೆಜ್ಜೆ — ನಾನು ಸೊಂಟದ ಮೇಲೆ ಕೈಯಿಟ್ಟುಕೊಂಡು, ನಮ್ದು ಕಣೇ, ಪಿಲಿಪ್ ಏನು ಅವ್ರವನಾ, ಎಂದೆ, ಕೊಡಿಲ್ಲಿ ನಿನ್ನ ಕೈ. ಅಮ್ಮನ ವಾಚು ಅವಳ ಕೈಯಲ್ಲಿತ್ತು, ಕೀಲಿ ಕೊಡುವ ಪುಟ್ಟ ವಾಚು. ಅದರ ಗುಂಡಿ ಹೊರಗೆಳೆದು ನಾನೇ, ಈ ಹೆಬ್ಬೆರಳು ಈ ತೋರುಬೆರಳಿನಿಂದ, ಒಂದು ಗಂಟೆ ಹಿಂದಕ್ಕೆ ತಿರುಗಿಸಿದೆ. ಅವಳ ಮಣಿಕಟ್ಟು ತಣ್ಣಗಿತ್ತು.

ಬೇಕರಿಯ ಹೆಂಗಸು ನೋಡಿದ್ದಾಳೆ, ಹಿಂಬಾಗಿಲ ಕಿಂಡಿಯಿಂದ. ಎಂಟಕ್ಕೆ ಐದು ನಿಮಿಷವಿದೆ ಎಂದು ವೀತಾ ಬಂದು ನಿಂತಾಗ ಬೇಕರಿಯ ಗೋಡೆಯ ಗಡಿಯಾರದಲ್ಲಿ, ಅವರ ಸಮಯದಲ್ಲಿ, ಒಂಬತ್ತಕ್ಕೆ ಐದು ನಿಮಿಷ. ವ್ಯಾನು ಬಂದು, ಕಾಯುವಷ್ಟು ಕಾದು, ಹೋಗಿ ಅರ್ಧ ಗಂಟೆಯಾಗಿತ್ತು, ಅದನ್ನು ಆ ಹೆಂಗಸು ನೋಡಿಲ್ಲ, ಆಗ ಅವಳು ಒಲೆಯ ಮುಂದಿದ್ದಳು, ಅವಳು ನೋಡಿದ್ದು ಒಬ್ಬಳೇ ನಿಂತ ವೀತಾಳನ್ನು. ವಾಚು ನೋಡ್ಕೊಳ್ಳೋಳು ತೆಕ್ಲಾ, ಬೀದಿ ನೋಡೋಳು, ಮತ್ತೆ ವಾಚು ನೋಡ್ಕೊಳ್ಳೋಳು, ಆಮೇಲೆ ಕೈ ಎತ್ತಿ ಅದನ್ನ ಕಿವಿಗಿಟ್ಕೊಂಡ್ಲು, ನಿಂತೋಗಿದ್ಯೇನೋ ಅಂತ. ಒಳಗೆ ಕರೆಯೋಣ ಅಂತ ಬಾಗಿಲಿಗೆ ಕೈ ಹಾಕ್ದೆ, ಅಷ್ಟರಲ್ಲಿ ಅವ್ರ ಜೀಪು ಬಂತು, ಒಬ್ಬ ಇಳ್ದು ಯಾರಿಗೇ ಕಾಯ್ತಿದೀಯ ಅಂದ, ಚೀಲ ಕಿತ್ಕೊಂಡ, ಜೀಪಿಗೆ ಹತ್ಸಿದ, ನನ್ನ ಕೈ ಬಾಗಿಲ ಮೇಲೇ ಉಳೀತು. ಅವಳು ಅಳುತ್ತ ಹೇಳಿದಳು, ನಾನು ಅಳಲಿಲ್ಲ. ಕಿವಿಗಿಟ್ಟುಕೊಂಡಳಂತೆ. ಅದು ನಿಂತಿರಲಿಲ್ಲ ವೀತಾ, ಸರಿಯಾಗಿ ನಡೆಯುತ್ತಿತ್ತು, ನಾನು ಹೇಳಿದ ಹಾಗೇ ನಡೆಯುತ್ತಿತ್ತು.

ಸಂಜೆ ಪಿಲಿಪ್ ಬಂದ, ಖಾಲಿ ವ್ಯಾನು, ಟೋಪಿ ಕೈಯಲ್ಲಿ, ತೆಕ್ಲಾ, ಅವ್ಳು ಯಾಕೆ ಬರ್ಲಿಲ್ಲ, ಇಪ್ಪತ್ತೈದು ನಿಮಿಷ ಕಾದೆ ಕಣಮ್ಮಾ, ಅದಕ್ಕಿಂತ ನಿಲ್ಲೋಕಾಗ್ಲಿಲ್ಲ. ಅವನು ನನ್ನ ಹೆಗಲಿನಾಚೆ ಗೋಡೆಯ ಕಡೆ ನೋಡಿದ, ಗಡಿಯಾರ ನೋಡಿದ, ಜೇಬಿನಿಂದ ಫೋನು ತೆಗೆದು ನೋಡಿದ, ಮತ್ತೆ ಗಡಿಯಾರ ನೋಡಿದ. ಆಮೇಲೆ ಟೋಪಿ ಹಾಕಿಕೊಂಡು, ಬಾಗ್ಲು ಭದ್ರ ಮಾಡ್ಕೋ ಎಂದು ಹೋದ. ಅವನಿಗೆ ಗೊತ್ತು. ಆ ಸಂಜೆಯಿಂದ ಗೊತ್ತು. ಹನ್ನೊಂದು ದಿನಕ್ಕೆ ಅವರು ಊರು ಬಿಟ್ಟು ಓಡಿದರು, ನಮ್ಮವರು ಬಂದರು, ಹೂವು, ಬಾವುಟ, ಅಜ್ಜಿಯರು ಟ್ಯಾಂಕಿಗೆ ಮುತ್ತು ಕೊಟ್ಟರು, ನಾನೂ ಯಾರೋ ಗಡ್ಡದ ಹುಡುಗನನ್ನು ತಬ್ಬಿಕೊಂಡು ಅತ್ತೆ, ಎಲ್ಲರೂ ಸಂತೋಷಕ್ಕೆ ಎಂದುಕೊಂಡರು — ಹನ್ನೊಂದು ದಿನ, ವೀತಾಳನ್ನು ನನ್ನ ನೆಲಮಾಳಿಗೆಯಲ್ಲಿ ಆಲೂಗಡ್ಡೆ ರಾಶಿಯ ಹಿಂದೆ ಕೂರಿಸಿದ್ದರೂ ಆಗುತ್ತಿತ್ತು. ಆಮೇಲೆ ಶುರುವಾಯಿತು ಊರಿನ ಬಾಯಿ. ವ್ಯಾನು ಬರಲೇ ಇಲ್ಲ, ಬೇಕರಿಯವಳು ನೋಡಿದ್ದಾಳಲ್ಲ, ಅವಳನ್ನ ನಿಲ್ಸಿ ಅವ್ನೇ ಜೀಪಿನೋರಿಗೆ ಹೇಳಿದಾನೆ, ಅವ್ನ ವ್ಯಾನನ್ನ ಒಂದು ದಿನವಾದ್ರೂ ಹಿಡಿದ್ರಾ ಹೇಳಿ. ಒಬ್ಬರು ಉಪ್ಪು ಹಾಕಿದರು, ಒಬ್ಬರು ಖಾರ. ನಾನು ಬಾಯಿಗೆ ಬೀಗ ಹಾಕಿಕೊಂಡೆ. ಅವನ ಗೇಟಿನ ಮೇಲೆ ಕಪ್ಪು ಬಣ್ಣದಲ್ಲಿ ದ್ರೋಹಿ ಎಂದು ಬರೆದಿತ್ತು ಒಂದು ಬೆಳಿಗ್ಗೆ, ಸೋಲ್ಯಾಳ ಉಗುರಿನ ಸಂದಿಯಲ್ಲಿ ಅದೇ ಕಪ್ಪು, ಸೂರ್ಯಕಾಂತಿ ಎಣ್ಣೆ ಹಚ್ಚಿ ಉಜ್ಜಿ ಉಜ್ಜಿ ತೊಳೆದೆ, ಹದಿಮೂರು ವರ್ಷದ ಬೆರಳುಗಳು, ಬೈಯಲಿಲ್ಲ, ಬೈಯುವ ಮುಖ ಎಲ್ಲಿದೆ ನನಗೆ. ಅವನು ಹಸಿರು ಬಳಿದ, ಅಕ್ಷರ ಇನ್ನೂ ಕಾಣುತ್ತವೆ. ಚಳಿಗಾಲವೆಲ್ಲ ನಮ್ಮ ಹೊಸಿಲಲ್ಲಿ ಎಲೆಕೋಸು, ಸೀಳಿದ ಸೌದೆ, ಯಾರು ಇಟ್ಟರೆಂದು ಸೋಲ್ಯಾ ಕೇಳಿದರೆ ಶಾಲೆಯಿಂದ ಕಳಿಸಿದ್ದು ಎಂದೆ. ಗುರುವಾರ ಅವನನ್ನು ಪಟ್ಟಣಕ್ಕೆ ವಿಚಾರಣೆಗೆ ಕರೆದಿದ್ದಾರೆ, ಊರವರ ದೂರಿನ ಮೇಲೆ, ದೂರು ನನ್ನ ಮುಂದೆಯೂ ಬಂತು, ಕನ್ನಡಕ ಕಾಣಿಸ್ತಿಲ್ಲ ಎಂದು ಸಹಿ ತಪ್ಪಿಸಿಕೊಂಡೆ, ಕನ್ನಡಕ ತಲೆಯ ಮೇಲೇ ಇತ್ತು. ವೀತಾ ಬದುಕಿದ್ದಾಳೆ. ಬಿಡುಗಡೆಯಾಗಿ ಬಂದ ಹೆಂಗಸೊಬ್ಬಳು ಡಿಸೆಂಬರ್‌ನಲ್ಲಿ ಕ್ರಿಮಿಯಾದ ಜೈಲಲ್ಲಿ ನೋಡಿದ್ದಾಳಂತೆ, ಕೆಮ್ಮುತ್ತಾಳಂತೆ, ಬದುಕಿದ್ದಾಳೆ. ವಾಚು ಇದೆಯೇ ಎಂದು ಕೇಳುವ ಧೈರ್ಯ ನನಗಾಗಲಿಲ್ಲ.

ಗೇಟಿನ ಸದ್ದು. ಬಂದರು, ಜೋಯಾ ಮೇಡಂ ಧ್ವನಿ, ಮಕ್ಕಳೇ ಕಾಲು ಒರೆಸ್ಕೊಳ್ರಿ, ಗಲಾಟೆ ಮಾಡ್ಬೇಡಿ. ಕಿಟಕಿಯಲ್ಲಿ ಬೇಲಿ, ಬೇಲಿಯಾಚೆ ಪಿಲಿಪ್, ಈ ಕಡೆ ನೋಡದೆ ಗೇಟಿಗೆ ಇನ್ನೊಂದು ಸಲ ಹಸಿರು ಬಳಿಯುತ್ತಿದ್ದಾನೆ, ಭಾನುವಾರದ ದಿನ. ಸೋಲ್ಯಾ ಬಂದು ನಿಂತಳು, ರವಿಕೆ ಬೆಳ್ಳಗೆ, ನೋಡು ದೊಡ್ಡಮ್ಮಾ, ಇವತ್ತೂ ಬಳೀತಾನೆ, ಎಷ್ಟು ಬಳಿದ್ರೇನು, ಗುರುವಾರ ಗೊತ್ತಾಗುತ್ತೆ ಅವ್ನಿಗೆ. ಅವಳ ತುಟಿ ಓರೆಯಾಗಿದೆ, ವೀತಾಳ ತುಟಿ, ಹುಳಿ ಕಲ್ಲಂಗಡಿ ತಿಂದಾಗ ಕಿವುಚಿದ ತುಟಿ. ಇದನ್ನು ಕೇಳಿದ ಮೇಲೆ ಈ ಹುಡುಗಿ ನನ್ನ ಮನೆಯಲ್ಲಿ ಉಣ್ಣುವುದಿಲ್ಲ, ನನ್ನನ್ನು ದೊಡ್ಡಮ್ಮ ಎನ್ನುವುದಿಲ್ಲ, ಗೊತ್ತು, ಅದೇ ಹೆದರಿಕೆಗೇ ಐದು ತಿಂಗಳು ಒಬ್ಬ ಒಳ್ಳೆಯ ಮನುಷ್ಯನನ್ನು ಊರ ಬಾಯಿಗೆ ಹಾಕಿ ಸುಮ್ಮನೆ ಕೂತಿದ್ದೇನೆ. ನೊಣ ಹಾರಿಹೋಯಿತು. ಗಾಜಿನ ಬಾಗಿಲು ತೆರೆದೆ, ಬೆರಳು ಮುಳ್ಳಿನ ಮೇಲಿದೆ, ತಣ್ಣಗಿದೆ, ತಳ್ಳಲಿಲ್ಲ, ಸ್ಟೂಲಿನಿಂದ ಇಳಿದೆ, ಬಾಗಿಲಲ್ಲಿ ಮಕ್ಕಳು, ಬಿಳಿ ಬಟ್ಟೆ ಹಿಡಿದ ಜೋಯಾ ಮೇಡಂ, ಮಾತು ಗಂಟಲಿನಿಂದ ತಾನೇ ಎದ್ದು ಬಂತು, ಸೋಲ್ಯಾ, ಪಿಲಿಪ್ ಮಾಮ ಬಂದಿದ್ದ ಕಣೇ, ಹೇಳಿದ ಹೊತ್ತಿಗೆ ಸರಿಯಾಗೇ ಬಂದಿದ್ದ, ನಿಮ್ಮಮ್ಮಂಗೆ ತಪ್ಪು ಹೊತ್ತು ಹೇಳಿದ್ದು ನಾನು. ಸೋಲ್ಯಾ ನನ್ನನ್ನು ನೋಡುತ್ತಿದ್ದಾಳೆ, ಗೋಡೆ ನೋಡುತ್ತಿದ್ದಾಳೆ, ಮತ್ತೆ ನನ್ನನ್ನು, ಹಾಗಾದ್ರೆ ಅಮ್ಮ... ಅಮ್ಮಂಗೆ ಗೊತ್ತಾಯ್ತಾ ಅಲ್ಲಿ ನಿಂತಾಗ? — ಗೊತ್ತಾಯಿತೇ, ಏನು ಹೇಳಲಿ, ಬೇಕರಿಯ ಹಿಂದಿನ ಗೋಡೆ, ಚೀಲ ಕಾಲ ಬಳಿ, ಬೀದಿ ಖಾಲಿ, ಅವಳು ಕೈ ಎತ್ತುತ್ತಾಳೆ, ನಾನು ಹಿಡಿದಿದ್ದ ಅದೇ ಮಣಿಕಟ್ಟು, ಅಮ್ಮನ ವಾಚು, ಕಿವಿಗಿಟ್ಟುಕೊಳ್ಳುತ್ತಾಳೆ, ತಲೆ ಸ್ವಲ್ಪ ವಾಲಿಸಿ ಕೇಳುತ್ತಾಳೆ, ನಡೆಯುತ್ತಿದೆ, ಮತ್ತೆ ಕಿವಿಗಿಟ್ಟುಕೊಳ್ಳುತ್ತಾಳೆ, ನಡೆಯುತ್ತಿದೆ, ಕಿವಿಗಿಟ್ಟುಕೊಳ್ಳುತ್ತಾಳೆ