ಸಭೆಗೆ ಬಾರದ ಮೂವರ ರುಜು

ಪುರಸಭೆಯಲ್ಲಿ ನಾನು ಇಪ್ಪತ್ತಾರು ವರ್ಷ ನಡವಳಿ ಪುಸ್ತಕ ಬರೆದವಳು. ಸಭೆಗೆ ಯಾರು ಬಂದರು, ಏನು ತೀರ್ಮಾನವಾಯಿತು ಎಂದು ಬರೆದು ಸದಸ್ಯರ ರುಜು ಹಾಕಿಸುವುದು ನನ್ನ ಕೆಲಸ. ಇಷ್ಟು ವರ್ಷದಲ್ಲಿ ಒಬ್ಬ ಮಹಾನುಭಾವನೂ ನಿಜ ಏನೆಂದು ನನ್ನನ್ನು ಕೇಳಲಿಲ್ಲ. ಕೊನೆಗೂ ಕೇಳಿದರು, ಅದೂ ನಮ್ಮಕ್ಕನನ್ನು ಮುಳುಗಿಸುವುದಕ್ಕೆ.

ಹೊಲಿಗೆ ಅಂಗಡಿ ಮಾರಿ ಬಂದ ಹಣವನ್ನೆಲ್ಲ ಅಕ್ಕ ಪುರಸಭೆಯ ಬಾಂಡಿಗೆ ಹಾಕಿದ್ದಳು. ನೀರಿನ ಪೈಪು ಹಾಕಿಸಲು ಜನರಿಂದ ಎತ್ತಿದ ಸಾಲ ಅದು. ಹಾಕು ಹಾಕು ಎಂದು ಗಂಟುಬಿದ್ದವಳು ನಾನೇ. ಮೂರು ವರ್ಷ ಅದರ ಬಡ್ಡಿಯಲ್ಲೇ ಮನೆ ಬಾಡಿಗೆ ಕಟ್ಟಿದಳು. ಹೊಸ ಅಧ್ಯಕ್ಷರು ಬಂದದ್ದೇ ತಡ, ಆ ಬಾಂಡುಗಳು ಕಾನೂನು ಪ್ರಕಾರ ಹೊರಟವೇ ಅಲ್ಲ, ಬಡ್ಡಿಯೂ ಇಲ್ಲ ಅಸಲೂ ಇಲ್ಲ ಎಂದು ಕೈತೊಳೆದುಕೊಂಡರು. ಬಾಂಡು ಕೊಂಡವರೆಲ್ಲ ಕೋರ್ಟಿಗೆ ಹೋದರು.

ಹದಿನೈದು ಸದಸ್ಯರಲ್ಲಿ ಹತ್ತು ಜನ ಸಭೆಯಲ್ಲಿ ಕೂತು ಒಪ್ಪಿದರೆ ಮಾತ್ರ ಸಾಲ ಎತ್ತಬಹುದು. ಪೈಪಿನ ಸಾಲದ ಸಭೆಗೆ ಅವತ್ತು ಬಂದವರು ಏಳು. ಬಾರದವರ ಹತ್ತಿರ ಪುಸ್ತಕವನ್ನೇ ಒಯ್ದು ರುಜು ಹಾಕಿಸುವುದು ನಾನು ಕೆಲಸಕ್ಕೆ ಸೇರುವ ಮೊದಲೇ ಇದ್ದ ಪದ್ಧತಿ. ಚರಂಡಿಗೂ ಹಾಗೆಯೇ, ಬೀದಿದೀಪಕ್ಕೂ ಹಾಗೆಯೇ. ಪುಸ್ತಕ ಕಂಕುಳಲ್ಲಿ ಇರುಕಿಕೊಂಡು ಮೂವರನ್ನು ಹುಡುಕಿಕೊಂಡು ಹೋದೆ. ಒಬ್ಬರು ಕ್ಷೌರದಂಗಡಿಯಲ್ಲಿ ಅರ್ಧ ಮುಖಕ್ಕೆ ಸೋಪು ಬಳಿಸಿಕೊಂಡು ಕೂತಿದ್ದರು. ಏನು ಎತ್ತ ಎಂದು ಕೇಳದೆ ಗೀಚಿ, ಪುಟಕ್ಕೆ ನೊರೆ ಮೆತ್ತಿ ವಾಪಸು ಕೊಟ್ಟರು. ಅದನ್ನು ಒರೆಸಿದ್ದೂ ನಾನೇ.

ನನ್ನ ಸಾಕ್ಷಿಯ ಹಿಂದಿನ ದಿನ ಪುರಸಭೆಯ ವಕೀಲರು ನನ್ನ ಮೇಜಿನ ಹತ್ತಿರ ಬಂದರು.

"ಮೇಡಂ, ನೀವೇನೂ ಸುಳ್ಳು ಹೇಳ್ಬೇಕಾಗಿಲ್ಲ. ನಡೆದಿದ್ದನ್ನ ನಡೆದ ಹಾಗೆ ಹೇಳಿ, ಸಾಕು."

"ಅದೇ ದುಡ್ಡಲ್ಲಿ ಪೈಪ್ ಹಾಕ್ಸಿದ್ರಲ್ಲ ಸಾರ್! ಆ ನೀರೇ ಕುಡೀತಿದೀರಲ್ಲ!"

"ಪೈಪ್ ಬೇರೆ, ಕಾನೂನು ಬೇರೆ," ಎಂದು ನಕ್ಕರು. ನನಗೆ ಮೈಯೆಲ್ಲ ಉರಿದುಹೋಯಿತು. ಆದರೆ ಕಾನೂನು ಅವರ ಕಡೆಗಿತ್ತು, ಅದನ್ನು ಅವರ ಕೈಗೆ ಕೊಟ್ಟವಳು ನಾನು.

ಸಂಜೆ ಅಕ್ಕನ ಮನೆಗೆ ಹೋದೆ. ಪುಸ್ತಕದಲ್ಲಿ ಹತ್ತು ರುಜು ಇವೆಯೆಂದು ಅವಳು ಧೈರ್ಯವಾಗಿದ್ದಳು.

"ನೀನೇನೂ ಹೆದರ್ಬೇಡ ಅಕ್ಕ. ಹತ್ತೂ ಜನ ಬಂದಿದ್ರು ಅಂತ ಹೇಳ್ಬಿಡ್ತೀನಿ."

"ಹೇಳ್ಬಿಡ್ತೀನಿ ಅಂದ್ರೆ? ಬಂದಿರ್ಲಿಲ್ವಾ?"

"ಏಳು ಜನ. ಮಿಕ್ಕವರ ಹತ್ರ ನಾನೇ ಹೋಗಿ ರುಜು ಹಾಕಿಸ್ಕೊಂಡು ಬಂದೆ."

"ನನಗೆ ಬಾಂಡ್ ತಗೋ ಅಂದಿದ್ದು ಅದಕ್ಕೆ ಮುಂಚೆನಾ, ಆಮೇಲಾ?"

"ಆಮೇಲೆ."

"ಒಂದು ಮಾತು ಹೇಳ್ಲಿಲ್ವಲ್ಲೇ."

"ಹೇಳೋವಂಥ ವಿಷಯ ಅಂತ ಅನ್ನಿಸ್ಲೇ ಇಲ್ಲ ಅಕ್ಕ." ಅದು ದೇವರಾಣೆಗೂ ನಿಜ. ನಿಜವಾದ್ದರಿಂದಲೇ ಹೇಳಲು ನಾಚಿಕೆಯಾಯಿತು.

"ನಾಳೆ ಇದ್ದದ್ದು ಇದ್ದ ಹಾಗೆ ಹೇಳು. ನನ್ನ ಹೆಸರಲ್ಲಿ ಇನ್ನೊಂದು ಸುಳ್ಳು ಬೇಡ," ಎಂದು ಎದ್ದು ಬಾಗಿಲು ತೆರೆದಳು. "ಈಗ ಹೊರಡು."

ಮರುದಿನ ಕಟಕಟೆಯಲ್ಲಿ ನಿಂತು ಎಲ್ಲ ಹೇಳಿದೆ. ತೀರ್ಪು ಬಂತು, ಬಾಂಡುಗಳು ಅಸಿಂಧು. ನಿಮ್ಮಂಥ ಪ್ರಾಮಾಣಿಕರು ಅಪರೂಪ ಎಂದು ವಕೀಲರು ಎಲ್ಲರೆದುರು ನನ್ನನ್ನು ಹೊಗಳಿದರು. ಅಕ್ಕ ಮನೆ ಖಾಲಿ ಮಾಡಿ ಎಲ್ಲಿಗೆ ಹೋದಳೆಂಬುದು ತಿಂಗಳ ಮೇಲೆ ಅವಳ ಮನೆಯೊಡೆಯರಿಂದ ನನಗೆ ತಿಳಿಯಿತು.